ಲಗಾಡೋ ನಗರದ ವಾಕ್ಯಯಂತ್ರ: ಕಲ್ಪಿತ ಕಥನವೂ ಚಾರಿತ್ರಿಕ ಸತ್ಯವೂ

೧

ಚರಿತ್ರೆಯನ್ನು ಅಭ್ಯಸಿಸುವವರು ಕಥೆಯೊಂದರಲ್ಲಿ ಬರುವ ಕಲ್ಪಿತ ಯಂತ್ರವನ್ನು ಕುರಿತು ಏಕೆ ವಿಚಾರಮಾಡಬೇಕು ಎಂಬ ಪ್ರಶ್ನೆ ಸಹಜವಾದುದು. ನಡೆದ ಸಂಗತಿಗಳನ್ನು ಶೋಧಿಸುವುದು ಚರಿತ್ರಕಾರನ ಕೆಲಸ; ನಡೆಯದ ಸಂಗತಿಗಳನ್ನು ಹೆಣೆಯುವುದು ಕವಿಯ ಕೆಲಸ. ಆದರೆ ನಡೆಯದ ಸಂಗತಿಯನ್ನು ನಡೆದುದೆಂಬಂತೆ ಬರೆದಿಟ್ಟು, ಆ ಬರಹದ ಬಲದಿಂದ ಜನರ ಆಸ್ತಿ, ಮಾನ, ಪ್ರಾಣಗಳ ಗತಿಯನ್ನೇ ಬದಲಿಸಿದ ಉದಾಹರಣೆಗಳು ಎಲ್ಲ ದೇಶಗಳ ಚರಿತ್ರೆಯಲ್ಲಿಯೂ ದೊರೆಯುತ್ತವೆ. ಆದುದರಿಂದ ಕಥೆ ಕಟ್ಟುವ ಯಂತ್ರದ ಕಲ್ಪನೆಯು ಚರಿತ್ರಕಾರನಿಗೆ ಹೊರಗಿನ ವಿಷಯವಲ್ಲ. ಬರಹವು ಯಾವಾಗ, ಯಾರ ಕೈಯಲ್ಲಿ, ಲೋಕವ್ಯವಹಾರವನ್ನು ಬದಲಿಸುವ ಶಕ್ತಿಯನ್ನು ಪಡೆಯುತ್ತದೆ ಎಂಬುದೇ ಅಲ್ಲಿರುವ ಮೂಲಪ್ರಶ್ನೆ.

ಇಂತಹ ಯಂತ್ರಗಳ ವರ್ಣನೆಗಳಲ್ಲಿ ಅತ್ಯಂತ ಪ್ರಸಿದ್ಧವಾದುದು ಜೊನಾಥನ್ ಸ್ವಿಫ್ಟನು ೧೭೨೬ರಲ್ಲಿ ಪ್ರಕಟಿಸಿದ ‘ಗಲಿವರನ ಪ್ರವಾಸಗಳು’ ಎಂಬ ಗ್ರಂಥದ ಮೂರನೆಯ ಭಾಗದಲ್ಲಿದೆ. ಆ ವರ್ಣನೆಯನ್ನು ಅದರ ಕಾಲದ ರಾಜಕೀಯ ಸಂದರ್ಭದಲ್ಲಿಟ್ಟು ನೋಡಿ, ಅದರಿಂದ ಚರಿತ್ರೆಯ ವಿದ್ಯಾರ್ಥಿಯು ಕಲಿಯಬೇಕಾದುದೇನು ಎಂಬುದನ್ನು ಪರಿಶೀಲಿಸುವುದು ಈ ಲೇಖನದ ಉದ್ದೇಶ.

೨

ಗಲಿವರನು ಬಾಲ್ನಿಬಾರ್ಬಿ ದೇಶದ ರಾಜಧಾನಿಯಾದ ಲಗಾಡೋ ನಗರದಲ್ಲಿ ಒಂದು ವಿದ್ಯಾಸಂಸ್ಥೆಯನ್ನು ಸಂದರ್ಶಿಸುತ್ತಾನೆ. ಅಲ್ಲಿ ಸೌತೆಕಾಯಿಯಿಂದ ಸೂರ್ಯಕಿರಣಗಳನ್ನು ಹಿಂಡಿ ತೆಗೆಯಲು ಹವಣಿಸುವವನೂ ಮನೆಯನ್ನು ಚಾವಣಿಯಿಂದ ಆರಂಭಿಸಿ ಕೆಳಕ್ಕೆ ಕಟ್ಟಬೇಕೆನ್ನುವವನೂ ಇದ್ದಾರೆ. ೧೬೬೦ರಲ್ಲಿ ಲಂಡನ್ನಿನಲ್ಲಿ ಸ್ಥಾಪಿತವಾದ ರಾಯಲ್ ಸೊಸೈಟಿಯೇ ಈ ಪರಿಹಾಸಕ್ಕೆ ಗುರಿಯೆಂಬುದು ಬಹುಕಾಲದಿಂದ ತಿಳಿದಿರುವ ವಿಚಾರ. ಅಲ್ಲಿಯ ಅನೇಕ ಪ್ರಯೋಗಗಳಿಗೆ ಆ ಸೊಸೈಟಿಯ ಪತ್ರಿಕೆಯಲ್ಲಿ ಪ್ರಕಟವಾದ ನಿಜವಾದ ಪ್ರಯೋಗಗಳೇ ಮೂಲವೆಂದು ಮಾರ್ಜರಿ ನಿಕಲ್ಸನ್ ಮತ್ತು ನೋರಾ ಮೋಲರ್ ಎಂಬ ವಿದುಷಿಯರು ೧೯೩೭ರಲ್ಲಿ ತೋರಿಸಿಕೊಟ್ಟರು.

ಆ ಸಂಸ್ಥೆಯ ಒಬ್ಬ ಪ್ರಾಧ್ಯಾಪಕನ ಕೊಠಡಿಯನ್ನು ಬಹುಮಟ್ಟಿಗೆ ತುಂಬಿದಂತೆ ೨೦ ಅಡಿ ಚೌಕದ ಒಂದು ಚೌಕಟ್ಟು ನಿಂತಿದೆ. ಅದರಲ್ಲಿ ಪಗಡೆಯ ದಾಳದಷ್ಟು ಗಾತ್ರದ ಮರದ ತುಂಡುಗಳನ್ನು ಸಣ್ಣ ತಂತಿಗಳಿಂದ ಪೋಣಿಸಿದೆ. ತುಂಡಿನ ಒಂದೊಂದು ಮುಖಕ್ಕೂ ಕಾಗದವನ್ನು ಅಂಟಿಸಿ, ಆ ದೇಶಭಾಷೆಯ ಸಮಸ್ತ ಪದಗಳನ್ನೂ ಅವುಗಳ ವಿಭಕ್ತಿ ಕಾಲ ಮೊದಲಾದ ರೂಪಗಳೊಡನೆ, ಯಾವ ಕ್ರಮವೂ ಇಲ್ಲದೆ, ಬರೆದಿದೆ. ಚೌಕಟ್ಟಿನ ಅಂಚಿನಲ್ಲಿ ೪೦ ಕಬ್ಬಿಣದ ಹಿಡಿಗಳು. ಪ್ರಾಧ್ಯಾಪಕನು ಅಪ್ಪಣೆಯಿತ್ತೊಡನೆ ೪೦ ಮಂದಿ ಶಿಷ್ಯರು ಹಿಡಿಗಳನ್ನು ತಿರುಗಿಸುತ್ತಾರೆ. ಪದಗಳ ವಿನ್ಯಾಸವೆಲ್ಲ ಬದಲಾಗುತ್ತದೆ. ಅವರಲ್ಲಿ ೩೬ ಮಂದಿ ಸಾಲುಗಳನ್ನು ಮೆಲ್ಲನೆ ಓದಿಕೊಂಡು, ವಾಕ್ಯದ ಭಾಗವಾಗಬಹುದಾದ ಮೂರು ನಾಲ್ಕು ಪದಗಳು ಒಟ್ಟಿಗೆ ಕಂಡರೆ ಉಳಿದ ನಾಲ್ವರು ಲಿಪಿಕಾರರಿಗೆ ಹೇಳಿ ಬರೆಸುತ್ತಾರೆ. ದಿನಕ್ಕೆ ಆರು ಗಂಟೆಗಳ ಕಾಲ ಇದೇ ಕೆಲಸ. ಹೀಗೆ ಸಂಗ್ರಹಿಸಿದ ತುಂಡುವಾಕ್ಯಗಳ ಹಲವು ದೊಡ್ಡ ಸಂಪುಟಗಳನ್ನು ಪ್ರಾಧ್ಯಾಪಕನು ಗಲಿವರನಿಗೆ ತೋರಿಸುತ್ತಾನೆ. ಇಂತಹ ೫೦೦ ಯಂತ್ರಗಳಿಗೆ ಸಾರ್ವಜನಿಕರು ಹಣವೊದಗಿಸಿದರೆ ಸಮಸ್ತ ಶಾಸ್ತ್ರಗಳನ್ನೂ ಪೂರ್ಣವಾಗಿ ರಚಿಸಿಕೊಡಬಹುದೆಂಬುದು ಅವನ ಭರವಸೆ; ಏನೂ ಕಲಿಯದವನೂ ಸ್ವಲ್ಪ ಮೈಶ್ರಮದಿಂದ ಕಾವ್ಯ, ರಾಜನೀತಿ, ನ್ಯಾಯ, ಗಣಿತ, ಧರ್ಮಶಾಸ್ತ್ರಗಳ ಗ್ರಂಥಗಳನ್ನು ಬರೆಯಬಹುದೆಂಬುದು ಅವನ ಹೆಮ್ಮೆ.

ಪದಗಳನ್ನು ಯಾಂತ್ರಿಕವಾಗಿ ಸಂಯೋಜಿಸಿ ಜ್ಞಾನವನ್ನು ಪಡೆಯಬೇಕೆಂಬ ಆಸೆಯನ್ನು ಸ್ವಿಫ್ಟನು ತಾನೇ ಹುಟ್ಟಿಸಿಕೊಂಡವನಲ್ಲ. ಮಯೋರ್ಕಾ ದ್ವೀಪದ ರಾಮೋನ್ ಲುಲ್ ಎಂಬ ದಾರ್ಶನಿಕನು ೧೩ನೆಯ ಶತಮಾನದ ಉತ್ತರಾರ್ಧದಲ್ಲಿಯೇ, ಒಂದರೊಳಗೊಂದು ತಿರುಗುವ ಚಕ್ರಗಳ ಮೇಲೆ ಮೂಲತತ್ತ್ವಗಳ ಸಂಕೇತಾಕ್ಷರಗಳನ್ನು ಬರೆದು, ಅವುಗಳ ಸಂಯೋಗದಿಂದ ಎಲ್ಲ ಪ್ರಶ್ನೆಗಳಿಗೂ ಉತ್ತರ ಹೊರಡಿಸುವ ವಿಧಾನವನ್ನು ರೂಪಿಸಿದ್ದನು. ಜರ್ಮನಿಯ ಲೈಬ್ನಿಟ್ಸನು ೧೬೬೬ರಲ್ಲಿ ಇದೇ ಜಾಡಿನಲ್ಲಿ ಸಂಯೋಗಕಲೆಯನ್ನು ಕುರಿತು ಒಂದು ಪ್ರಬಂಧವನ್ನು ಪ್ರಕಟಿಸಿದನು. ಆದರೆ ಸ್ವಿಫ್ಟನ ಪ್ರಾಧ್ಯಾಪಕನು ಇವರಿಬ್ಬರಿಗಿಂತ ಒಂದು ಹೆಜ್ಜೆ ಮುಂದೆ ಹೋಗುತ್ತಾನೆ. ಗ್ರಂಥಗಳಲ್ಲಿ ಅವ್ಯಯ, ನಾಮ, ಕ್ರಿಯಾಪದಗಳು ಯಾವ ಪ್ರಮಾಣದಲ್ಲಿ ಬರುತ್ತವೆಂಬುದನ್ನು ತಾನು ನಿಷ್ಕೃಷ್ಟವಾಗಿ ಎಣಿಸಿರುವುದಾಗಿ ಅವನು ಹೇಳಿಕೊಳ್ಳುತ್ತಾನೆ. ಈ ಮಾತಿಗೆ ಮುಂದೆ ಬಂದ ಮಹತ್ತ್ವವನ್ನು ಆಮೇಲೆ ನೋಡೋಣ.

೩

ಸಾಮಾನ್ಯವಾಗಿ ವಿಮರ್ಶಕರು ಐದನೆಯ ಅಧ್ಯಾಯದ ಈ ಯಂತ್ರವನ್ನು ಮಾತ್ರ ಎತ್ತಿಕೊಂಡು ಚರ್ಚಿಸುತ್ತಾರೆ. ಅದರ ಮುಂದಿನ ಅಧ್ಯಾಯವನ್ನು ಜೊತೆಗಿಟ್ಟು ಓದಿದಾಗಲೇ ಸ್ವಿಫ್ಟನ ವಿಚಾರ ಪೂರ್ಣವಾಗಿ ತಿಳಿಯುತ್ತದೆಂದು ನನ್ನ ಅಭಿಪ್ರಾಯ. ಲಗಾಡೋ ಯಂತ್ರವು ಎಷ್ಟು ಸಂಪುಟಗಳನ್ನು ತುಂಬಿಸಿದರೂ ಆ ಊರಿನಲ್ಲಿ ಒಂದು ಹುಲ್ಲುಕಡ್ಡಿಯೂ ಅಲುಗುವುದಿಲ್ಲ. ಅದು ವಿನೋದಕ್ಕೆ ವಸ್ತು, ಭಯಕ್ಕಲ್ಲ. ಆರನೆಯ ಅಧ್ಯಾಯದಲ್ಲಿ ಬರುವುದು ಬರೆಯುವ ಯಂತ್ರವಲ್ಲ, ಓದುವ ಯಂತ್ರ, ಭಯವಿರುವುದು ಅಲ್ಲಿ.

ಆ ಅಧ್ಯಾಯದಲ್ಲಿ ರಾಜದ್ರೋಹದ ಒಳಸಂಚುಗಳನ್ನು ಪತ್ತೆಮಾಡುವ ವಿಧಾನದ ಮಾತು ಬರುತ್ತದೆ. ಯಾರ ಮೇಲೆ ಆರೋಪ ಹೊರಿಸಬೇಕೆಂಬುದನ್ನು ಮೊದಲೇ ನಿಶ್ಚಯಿಸಿಕೊಂಡು, ಅವರ ಕಾಗದಪತ್ರಗಳನ್ನೆಲ್ಲ ವಶಪಡಿಸಿಕೊಂಡು, ಪದಗಳ ಗೂಢಾರ್ಥವನ್ನು ಬಿಡಿಸಬಲ್ಲ ನಿಪುಣರಿಗೆ ಒಪ್ಪಿಸುತ್ತಾರೆ. ಆ ನಿಪುಣರ ಕೋಶದಲ್ಲಿ ಬಾತುಗಳ ಹಿಂಡು ಎಂದರೆ ಮಂತ್ರಾಲೋಚನಾಸಭೆ; ಕುಂಟನಾಯಿ ಎಂದರೆ ದಂಡೆತ್ತಿ ಬರುವ ಶತ್ರು; ಪೊರಕೆ ಎಂದರೆ ರಾಜ್ಯಕ್ರಾಂತಿ; ತಳವಿಲ್ಲದ ಹಳ್ಳ ಎಂದರೆ ಬೊಕ್ಕಸ. ಇಷ್ಟರಿಂದ ಕೆಲಸವಾಗದಿದ್ದರೆ ಅಕ್ಷರಗಳನ್ನೇ ಅದಲುಬದಲುಮಾಡಿ ಬೇಕಾದ ವಾಕ್ಯವನ್ನು ಹೊರಡಿಸುತ್ತಾರೆ. ಅಕ್ಷರಗಳನ್ನು ಅದಲುಬದಲುಮಾಡುವ ಈ ಕ್ರಿಯೆಯೂ ಹಿಂದಿನ ಅಧ್ಯಾಯದ ಮರದ ತುಂಡುಗಳ ಚಲನೆಯೂ ಒಂದೇ ಬಗೆಯವು. ವ್ಯತ್ಯಾಸವಿರುವುದು ಫಲದಲ್ಲಿ: ಅಲ್ಲಿ ಹೊರಬೀಳುವುದು ಅರ್ಥವಿಲ್ಲದ ಸಂಪುಟ, ಇಲ್ಲಿ ಹೊರಬೀಳುವುದು ಶಿಕ್ಷೆ.

ಇದು ಬರಿಯ ಕಲ್ಪನೆಯಲ್ಲ. ಸ್ವಿಫ್ಟನ ಮಿತ್ರನೂ ರಾಚೆಸ್ಟರಿನ ಬಿಷಪ್ಪನೂ ಆಗಿದ್ದ ಫ್ರಾನ್ಸಿಸ್ ಅಟರ್ಬರಿಯನ್ನು ೧೭೨೨ರ ಆಗಸ್ಟ್ ತಿಂಗಳಲ್ಲಿ ಬಂಧಿಸಿ ಲಂಡನ್ನಿನ ಗೋಪುರದ ಸೆರೆಮನೆಯಲ್ಲಿರಿಸಿದರು. ಪದಚ್ಯುತವಾಗಿ ಪರದೇಶದಲ್ಲಿದ್ದ ಸ್ಟುವರ್ಟ್ ವಂಶದ ಪಕ್ಷದವರೊಡನೆ ಸೇರಿ ಒಳಸಂಚು ನಡೆಸಿದನೆಂಬುದು ಅವನ ಮೇಲಿನ ಆರೋಪ. ರಾಬರ್ಟ್ ವಾಲ್ಪೋಲನ ಸರ್ಕಾರವು ಅಂಚೆ ಕಚೇರಿಯಲ್ಲಿ ಒಡೆದು ನಕಲುಮಾಡಿಕೊಂಡಿದ್ದ ಗೂಢಲಿಪಿಯ ಪತ್ರಗಳೇ ಮುಖ್ಯ ಸಾಕ್ಷ್ಯ. ಪತ್ರಗಳಲ್ಲಿ ಜೋನ್ಸ್, ಇಲಿಂಗ್ಟನ್ ಎಂಬ ಹುಸಿಹೆಸರುಗಳಿದ್ದುವು. ಆ ಹೆಸರಿನವನು ಅಟರ್ಬರಿಯೇ ಎಂದು ಸ್ಥಾಪಿಸಲು ನೆರವಾದುದು ಒಂದು ನಾಯಿಯ ಪ್ರಸ್ತಾಪ. ಫ್ರಾನ್ಸಿನಿಂದ ಕಾಣಿಕೆಯಾಗಿ ಬಂದ ಹಾರ್ಲೆಕ್ವಿನ್ ಎಂಬ ಆ ಪುಟ್ಟ ನಾಯಿಯ ಕಾಲು ದಾರಿಯಲ್ಲಿ ಮುರಿದಿತ್ತು. ಸ್ವಿಫ್ಟನ ಕೋಶದ ಕುಂಟನಾಯಿ ಎಲ್ಲಿಂದ ಬಂದಿತೆಂಬುದನ್ನು ಇನ್ನು ವಿವರಿಸಬೇಕಾಗಿಲ್ಲ.

ವಿಚಾರಣೆಯು ನ್ಯಾಯಾಲಯದಲ್ಲಿ ನಡೆಯದೆ, ಪಾರ್ಲಿಮೆಂಟಿನ ಒಂದು ಮಸೂದೆಯ ರೂಪದಲ್ಲಿ ೧೭೨೩ರಲ್ಲಿ ಪ್ರಭುಸಭೆಯ ಮುಂದೆ ನಡೆಯಿತು. ಗೂಢಲಿಪಿಯನ್ನು ಬಿಡಿಸಿದ ಎಡ್ವರ್ಡ್ ವಿಲ್ಲಿಸ್ ಎಂಬ ಪಾದ್ರಿಯು ಸಾಕ್ಷಿ ನುಡಿದನು. ಇದೇ ಅರ್ಥವೆಂದು ಹೇಗೆ ತಿಳಿಯಿತೆಂದು ಆರೋಪಿಯು ಪ್ರಶ್ನಿಸಲೆಳಸಿದಾಗ, ಬಿಡಿಸುವ ವಿದ್ಯೆಯ ಗುಟ್ಟು ರಟ್ಟಾಗುವಂತಹ ಪ್ರಶ್ನೆಗಳನ್ನು ಕೇಳುವುದು ರಾಜ್ಯದ ಕ್ಷೇಮಕ್ಕೆ ಹೊಂದದೆಂದು ಪ್ರಭುಸಭೆಯು ನಿರ್ಣಯಿಸಿತು. ಎಂದರೆ ಓದಿನ ಫಲವನ್ನು ಒಪ್ಪಿಕೊಳ್ಳಬೇಕು. ಓದಿದ ರೀತಿಯನ್ನು ವಿಚಾರಿಸುವಂತಿಲ್ಲ. ಮಸೂದೆ ಅಂಗೀಕೃತವಾಯಿತು. ಅಟರ್ಬರಿಯು ಪದವಿಗಳನ್ನು ಕಳೆದುಕೊಂಡು ದೇಶಭ್ರಷ್ಟನಾಗಿ, ೧೭೩೨ರಲ್ಲಿ ಪ್ಯಾರಿಸಿನಲ್ಲಿ ಮರಣಹೊಂದಿದನು. ವಿಲ್ಲಿಸನು ಮುಂದೆ ತಾನೇ ಬಿಷಪ್ಪನಾದನು.

ಇಲ್ಲಿಗೆ ನಿಲ್ಲಿಸಿದರೆ ನಾವು ಸ್ವಿಫ್ಟನ ಪಕ್ಷಪಾತಿಗಳಾಗುತ್ತೇವೆಯೇ ಹೊರತು ಚರಿತ್ರಕಾರರಾಗುವುದಿಲ್ಲ. ಅಟರ್ಬರಿಯು ನಿರಪರಾಧಿಯೆಂದೂ ಸಂಚೆಲ್ಲವೂ ಸರ್ಕಾರದ ಸೃಷ್ಟಿಯೆಂದೂ ಅವನ ಮಿತ್ರರು ನಂಬಿದ್ದರು. ಆದರೆ ಇಂದು ವಿಂಡ್ಸರ್ ಅರಮನೆಯಲ್ಲಿರುವ ಸ್ಟುವರ್ಟ್ ಮನೆತನದ ಪತ್ರಸಂಗ್ರಹದಿಂದ, ಅವನು ಆ ಪಕ್ಷದೊಡನೆ ನಿಜವಾಗಿಯೂ ಪತ್ರವ್ಯವಹಾರ ನಡೆಸಿದ್ದನೆಂದು ತಿಳಿದುಬಂದಿದೆ. ಹೀಗಾಗಿ ಸರ್ಕಾರದ ತೀರ್ಮಾನವು ಸುಳ್ಳಾಗಿರಲಿಲ್ಲ. ಅದನ್ನು ಮುಟ್ಟಿದ ಮಾರ್ಗವು ಪರೀಕ್ಷೆಗೆ ಒಳಪಡಲಿಲ್ಲ. ಈ ಎರಡನ್ನೂ ಬೇರೆಬೇರೆಯಾಗಿ ಕಾಣುವುದು ಚರಿತ್ರೆಯ ವಿದ್ಯಾರ್ಥಿಗೆ ಅತ್ಯಾವಶ್ಯಕ. ನಿಜವಾದ ತೀರ್ಮಾನವನ್ನು ಕೊಟ್ಟಿತೆಂಬ ಕಾರಣದಿಂದ, ಮುಚ್ಚಿಟ್ಟ ವಿಧಾನವು ಪ್ರಮಾಣವಾಗಲಾರದು. ಅದೇ ವಿಧಾನವು ನಾಳೆ ನಿರಪರಾಧಿಯನ್ನು ಹಿಡಿದುಕೊಟ್ಟರೆ ಅದನ್ನು ಕಂಡುಹಿಡಿಯುವ ಉಪಾಯವೇ ನಮ್ಮಲ್ಲಿರುವುದಿಲ್ಲ. ಒಂದೂವರೆ ಶತಮಾನವಲ್ಲ, ಎರಡು ಶತಮಾನ ಕಳೆದರೂ ಪತ್ರಗಳು ಉಳಿದು ವಿದ್ವಾಂಸರ ಕೈಸೇರಿದುದರಿಂದ ಮಾತ್ರ ಅಟರ್ಬರಿಯ ವಿಷಯದಲ್ಲಿ ಸರ್ಕಾರದ ಮಾತನ್ನೂ ಮಿತ್ರರ ಮಾತನ್ನೂ ತೂಗಿನೋಡುವುದು ನಮಗೆ ಸಾಧ್ಯವಾಗಿದೆ.

೪

ಸ್ವಿಫ್ಟನ ಗ್ರಂಥದ ಪಾಠವೇ ಈ ವಿಷಯಕ್ಕೆ ಒಂದು ಒಳ್ಳೆಯ ಉದಾಹರಣೆ. ೧೭೨೬ರ ಲಂಡನ್ ಮುದ್ರಣದಲ್ಲಿ ಪ್ರಕಾಶಕನಾದ ಬೆಂಜಮಿನ್ ಮೋಟ್ಟನು ಸರ್ಕಾರದ ಭಯದಿಂದ ಕೆಲವು ಭಾಗಗಳನ್ನು ಮಾರ್ಪಡಿಸಿದ್ದನು. ತಾನು ಬರೆದುದು ಹೀಗಲ್ಲವೆಂಬ ದೂರನ್ನು, ಗಲಿವರನು ತನ್ನ ಬಂಧುವಿಗೆ ಬರೆದ ಪತ್ರದ ರೂಪದಲ್ಲಿ, ೧೭೩೫ರ ಡಬ್ಲಿನ್ ಮುದ್ರಣಕ್ಕೆ ಸೇರಿಸಲಾಯಿತು. ಆದರೆ ಮೂರನೆಯ ಭಾಗದ ಒಂದು ಪ್ರಸಂಗವು ಆ ಮುದ್ರಣದಲ್ಲಿಯೂ ಬರಲಿಲ್ಲ. ಲಿಂಡಲಿನೋ ನಗರದ ಜನರು ನಾಲ್ಕು ಗೋಪುರಗಳನ್ನು ಕಟ್ಟಿ ಅವುಗಳ ತುದಿಯಲ್ಲಿ ಅಯಸ್ಕಾಂತಗಳನ್ನಿಟ್ಟು, ತಮ್ಮನ್ನು ಅಡಗಿಸಲು ಬಂದ ರಾಜನ ಹಾರುವ ದ್ವೀಪವನ್ನು ನಿಷ್ಕ್ರಿಯಗೊಳಿಸಿದರೆಂಬುದು ಆ ಪ್ರಸಂಗ. ಲಿಂಡಲಿನೋ ಎಂಬುದು ಡಬ್ಲಿನ್ ನಗರದ ಮರೆಹೆಸರು. ೧೭೨೨ರಲ್ಲಿ ವಿಲಿಯಂ ವುಡ್ ಎಂಬವನಿಗೆ ಐರ್ಲೆಂಡಿನ ತಾಮ್ರನಾಣ್ಯಗಳನ್ನು ಟಂಕಿಸುವ ಸನ್ನದನ್ನು ಕೊಟ್ಟಾಗ ಐರಿಷ್ ಜನರು ತೋರಿದ ಪ್ರತಿಭಟನೆಯನ್ನು ಅದು ಸೂಚಿಸುತ್ತದೆ. ಬಟ್ಟೆವ್ಯಾಪಾರಿಯೊಬ್ಬನ ಹೆಸರಿನಲ್ಲಿ ಪತ್ರಗಳನ್ನು ಬರೆದು ಆ ಪ್ರತಿಭಟನೆಯನ್ನು ಬೆಳೆಸಿದವನು ಸ್ವಿಫ್ಟನೇ. ಬರೆದವನನ್ನು ಹಿಡಿದುಕೊಟ್ಟವರಿಗೆ ೩೦೦ ಪೌಂಡು ಬಹುಮಾನವನ್ನು ಸಾರಿದ್ದರೂ ಯಾರೂ ಹಿಡಿದುಕೊಡಲಿಲ್ಲ. ೧೭೨೫ರಲ್ಲಿ ಸನ್ನದು ರದ್ದಾಯಿತು. ಇಲ್ಲದ ಬಟ್ಟೆವ್ಯಾಪಾರಿಯೊಬ್ಬನು ಇರುವ ನಾಣ್ಯವನ್ನು ತಡೆದನು! ಲಿಂಡಲಿನೋ ಪ್ರಸಂಗವು ಸ್ವಿಫ್ಟನ ಮಿತ್ರನಾದ ಚಾರ್ಲ್ಸ್ ಫೋರ್ಡನ ಪ್ರತಿಯಲ್ಲಿ ಕೈಬರಹದಲ್ಲಿ ಉಳಿದುಕೊಂಡು, ೧೮೯೯ರಲ್ಲಿ ಮೊದಲ ಬಾರಿಗೆ ಅಚ್ಚಾಯಿತು. ಒಂದು ಪ್ರತಿ ಉಳಿಯದೆ ಹೋಗಿದ್ದರೆ ಈ ಪ್ರಸಂಗವೇ ಇರುತ್ತಿರಲಿಲ್ಲ.

ಇದೇ ಭಾಗದಲ್ಲಿ ಗಲಿವರನು ಮಾಂತ್ರಿಕರ ದ್ವೀಪವೊಂದಕ್ಕೆ ಹೋಗಿ ಸತ್ತವರನ್ನು ಕರೆಸಿ ಮಾತನಾಡಿಸುತ್ತಾನೆ. ತಾನು ವಿಷದಿಂದ ಸಾಯಲಿಲ್ಲ, ಅತಿಪಾನದಿಂದ ಬಂದ ಜ್ವರದಿಂದ ಸತ್ತೆನೆಂದು ಅಲೆಕ್ಸಾಂಡರನು ಹೇಳುತ್ತಾನೆ. ಬಂಡೆಯನ್ನು ಸೀಳಲು ಹುಳಿಕಾಡಿ ಸುರಿದೆನೆಂಬ ಕಥೆಗೆ ಗುರಿಯಾದ ಹ್ಯಾನಿಬಾಲನು, ತನ್ನ ಪಾಳೆಯದಲ್ಲಿ ಹುಳಿಕಾಡಿಯ ಒಂದು ಹನಿಯೂ ಇರಲಿಲ್ಲವೆನ್ನುತ್ತಾನೆ. ಸತ್ತವರನ್ನು ಕರೆಸುವ ವಿದ್ಯೆ ನಮಗಿಲ್ಲ. ನಮಗಿರುವುದು ಅವರು ಬಿಟ್ಟುಹೋದ ಬರಹಗಳು ಮಾತ್ರ. ಆದುದರಿಂದಲೇ ಬರಹಗಳ ಪರೀಕ್ಷೆ ನಮ್ಮ ಶಾಸ್ತ್ರದ ಅಡಿಪಾಯ.

೫

ಸ್ವಿಫ್ಟನು ಪರಿಹಾಸಕ್ಕಾಗಿ ಕಲ್ಪಿಸಿದ ಯಂತ್ರವು ಕ್ರಮೇಣ ಕಬ್ಬಿಣದಲ್ಲಿಯೂ ಗಣಿತದಲ್ಲಿಯೂ ರೂಪುತಳೆಯಿತು. ಇಂಗ್ಲೆಂಡಿನ ಜಾನ್ ಕ್ಲಾರ್ಕ್ ಎಂಬವನು ಲ್ಯಾಟಿನ್ ಷಟ್ಪದಿಗಣದ ಪಾದಗಳನ್ನು ತಾನೇ ರಚಿಸುವ ಯಂತ್ರವನ್ನು ನಿರ್ಮಿಸಿ ೧೮೪೫ರಲ್ಲಿ ಲಂಡನ್ನಿನ ಪಿಕಡಿಲಿ ಬೀದಿಯ ಈಜಿಪ್ಷಿಯನ್ ಹಾಲಿನಲ್ಲಿ ಪ್ರದರ್ಶಿಸಿದನು. ನಿಮಿಷಕ್ಕೆ ಸುಮಾರು ಒಂದು ಪಾದ ಹೊರಬರುತ್ತಿತ್ತು. ಛಂದಸ್ಸು ವ್ಯಾಕರಣಗಳೆರಡೂ ಸರಿಯಾಗಿರುತ್ತಿದ್ದುವು. ೧೯೧೩ರಲ್ಲಿ ರಷ್ಯದ ಗಣಿತಜ್ಞ ಆಂದ್ರೇ ಮಾರ್ಕೋವನು ಪುಷ್ಕಿನ್ ಕವಿಯ ‘ಯೆವ್ಗೇನಿ ಒನೇಗಿನ್’ ಕಾವ್ಯದ ೨೦,೦೦೦ ಅಕ್ಷರಗಳನ್ನು ತೆಗೆದುಕೊಂಡು, ಸ್ವರದ ಮುಂದೆ ವ್ಯಂಜನವೂ ವ್ಯಂಜನದ ಮುಂದೆ ಸ್ವರವೂ ಬರುವ ಪ್ರಮಾಣವನ್ನು ಎಣಿಸಿದನು. ಅಮೆರಿಕದ ಕ್ಲಾಡ್ ಶಾನನ್ ೧೯೪೮ರಲ್ಲಿ, ಒಂದು ಪದದ ಮುಂದೆ ಇನ್ನೊಂದು ಪದ ಬರುವ ಸಂಭಾವ್ಯತೆಯನ್ನನುಸರಿಸಿ ಇಂಗ್ಲಿಷಿನಂತೆಯೇ ಕಾಣುವ ಪದಸರಣಿಗಳನ್ನು ಹೊರಡಿಸಿ ತೋರಿಸಿದನು. ಇಂದು ಬಳಕೆಯಲ್ಲಿರುವ ಭಾಷಾಯಂತ್ರಗಳು ಈ ದಾರಿಯಲ್ಲಿಯೇ ಬಹುದೂರ ಸಾಗಿ, ತುಂಡುವಾಕ್ಯಗಳನ್ನಲ್ಲ, ಸುಸಂಬದ್ಧವಾದ ಪುಟಗಳನ್ನೇ ಬರೆಯುತ್ತಿವೆ. ಪದಗಳ ಪ್ರಮಾಣವನ್ನು ಎಣಿಸಿದ್ದೇನೆಂದ ಲಗಾಡೋ ಪ್ರಾಧ್ಯಾಪಕನ ಮಾತು ಈಗ ನಗೆಯ ಮಾತಾಗಿ ಉಳಿದಿಲ್ಲ.

ಆದರೆ ಯಂತ್ರದ ಸಾಮರ್ಥ್ಯವೊಂದರಿಂದಲೇ ವಾಸ್ತವವು ಬದಲಾಗುವುದಿಲ್ಲವೆಂಬುದನ್ನು ಜಾರ್ಜ್ ಆರ್ವೆಲ್ಲನ ‘೧೯೮೪’ ಎಂಬ ಕಾದಂಬರಿಯು ಸ್ಪಷ್ಟಪಡಿಸುತ್ತದೆ. ಬಿಹಾರದ ಮೋತೀಹಾರಿಯಲ್ಲಿ ೧೯೦೩ರಲ್ಲಿ ಜನಿಸಿದ ಈ ಲೇಖಕನು ೧೯೪೧ರಿಂದ ೧೯೪೩ರ ವರೆಗೆ ಬಿ.ಬಿ.ಸಿ.ಯಲ್ಲಿ ಭಾರತಕ್ಕಾಗಿ ಪ್ರಸಾರವಾಗುತ್ತಿದ್ದ ಭಾಷಣಗಳನ್ನು ಸಿದ್ಧಪಡಿಸುವ ಕೆಲಸದಲ್ಲಿದ್ದನು. ಪ್ರತಿಯೊಂದು ಬರಹವೂ ಯುದ್ಧಕಾಲದ ಪರಿಶೀಲಕರ ಕೈದಾಟಿಯೇ ಹೋಗಬೇಕಾಗಿತ್ತು. ೧೯೪೯ರಲ್ಲಿ ಪ್ರಕಟವಾದ ಅವನ ಕಾದಂಬರಿಯಲ್ಲಿ ಕಥೆಗಳನ್ನು ಹೆಣೆಯುವ ಯಂತ್ರಗಳೂ ಹಾಡುಗಳನ್ನು ಹೊಸೆಯುವ ಯಂತ್ರವೂ ಇವೆ. ಆದರೆ ಅವು ಜನರ ಹೊತ್ತುಕಳೆಯುವುದಕ್ಕೆ ಮಾತ್ರ. ವಾಸ್ತವವನ್ನು ಬದಲಿಸುವ ಕೆಲಸ ನಡೆಯುವುದು ದಾಖಲೆಗಳ ವಿಭಾಗದಲ್ಲಿ. ಅಲ್ಲಿ ವಿನ್‌ಸ್ಟನ್ ಸ್ಮಿತ್ ಎಂಬ ಗುಮಾಸ್ತನು ಹಳೆಯ ಪತ್ರಿಕೆಗಳನ್ನು ತಿದ್ದುತ್ತಾನೆ, ಮೂಲಪ್ರತಿಗಳು ಸುಟ್ಟುಹೋಗುತ್ತವೆ, ತಿದ್ದಿದ ಪ್ರತಿ ಮಾತ್ರ ಉಳಿಯುತ್ತದೆ. ಎಂದೂ ಹುಟ್ಟದ ಓಗಿಲ್ವಿ ಎಂಬ ವೀರನೊಬ್ಬನ ಚರಿತ್ರೆಯನ್ನು ಅವನು ಒಂದು ಬೆಳಿಗ್ಗೆ ಕುಳಿತು ಬರೆಯುತ್ತಾನೆ. ಕೆಲಕಾಲಾನಂತರ ಆ ವೀರನಿಗೂ ಜೂಲಿಯಸ್ ಸೀಸರನಿಗೂ ಇರುವ ಸಾಕ್ಷ್ಯದಲ್ಲಿ ಭೇದವಿರುವುದಿಲ್ಲ.

ಆರ್ವೆಲ್ಲನು ೧೯೫೦ರ ಜನವರಿಯಲ್ಲಿ ತೀರಿಕೊಂಡನು. ಅದೇ ವರ್ಷ ಸೋವಿಯೆಟ್ ಮಹಾವಿಶ್ವಕೋಶದ ಎರಡನೆಯ ಆವೃತ್ತಿಯ ಐದನೆಯ ಸಂಪುಟ ಹೊರಬಂದಿತು. ಅದರಲ್ಲಿ ರಹಸ್ಯ ಪೋಲೀಸಿನ ಮುಖ್ಯಸ್ಥನಾಗಿದ್ದ ಬೇರಿಯನ ಸ್ತುತಿಪೂರ್ಣವಾದ ಲೇಖನವೂ ಭಾವಚಿತ್ರವೂ ಇದ್ದುವು. ೧೯೫೩ರ ಜೂನ್‌ನಲ್ಲಿ ಬೇರಿಯನ ಬಂಧನವಾಯಿತು. ಡಿಸೆಂಬರ್‌ನಲ್ಲಿ ಅವನನ್ನು ಕೊಲ್ಲಲಾಯಿತು. ಬಳಿಕ ವಿಶ್ವಕೋಶದ ಚಂದಾದಾರರಿಗೆ ಹೊಸ ಪುಟಗಳು ಬಂದುವು. ೨೧ರಿಂದ ೨೪ರ ವರೆಗಿನ ಪುಟಗಳನ್ನೂ ಭಾವಚಿತ್ರವನ್ನೂ ಕತ್ತರಿಯಿಂದಲೋ ಕ್ಷೌರದ ಅಲಗಿನಿಂದಲೋ ಕತ್ತರಿಸಿ ತೆಗೆದು, ಆ ಜಾಗದಲ್ಲಿ ಹೊಸ ಪುಟಗಳನ್ನು ಅಂಟಿಸಬೇಕೆಂಬುದು ಜೊತೆಯಲ್ಲಿದ್ದ ಸೂಚನೆ. ಬೇರಿಯನ ಸ್ಥಾನವನ್ನು ಬೇರಿಂಗ್ ಸಮುದ್ರವೇ ಮೊದಲಾದ ವಿಷಯಗಳ ವಿಸ್ತಾರವಾದ ಲೇಖನಗಳು ತುಂಬಿದುವು. ಇಲ್ಲಿ ಯಂತ್ರವೆಂದರೆ ಕತ್ತರಿ, ಗೋಂದು, ವಿಧೇಯನಾದ ಓದುಗ, ಇಷ್ಟೇ. ಆದರೂ ಆ ಉದ್ಯಮವು ವಿಫಲವಾಯಿತು. ವಿದೇಶಗಳ ಗ್ರಂಥಾಲಯಗಳಿಗೆ ಹೋಗಿದ್ದ ಪ್ರತಿಗಳು ಕತ್ತರಿಗೆ ಸಿಕ್ಕದೆ ಉಳಿದುವು; ಹಳೆಯ ಪುಟ ಹೊಸ ಪುಟಗಳೆರಡನ್ನೂ ಒಟ್ಟಿಗಿಟ್ಟು ನೋಡುವವನಿಗೆ, ಅಳಿಸಿದ ಕೃತ್ಯವೇ ಒಂದು ದಾಖಲೆಯಾಯಿತು.

೬

ನಮ್ಮ ನಾಡಿನ ಚರಿತ್ರೆಯನ್ನು ಓದಿದವರಿಗೆ ಈ ಸಮಸ್ಯೆ ಹೊಸದೇನೂ ಅಲ್ಲ. ಗಂಗರಸರ ಹೆಸರಿನಲ್ಲಿ ದೊರೆತಿರುವ ತಾಮ್ರಪಟಗಳಲ್ಲಿ ಅನೇಕವು ಕೂಟಶಾಸನಗಳೆಂದು ಫ್ಲೀಟ್ ಸಾಹೇಬರು ವಾದಿಸಿದರು. ರೈಸ್ ಸಾಹೇಬರು ಅವುಗಳ ಪರವಾಗಿ ನಿಂತರು. ತಲವನನಗರದ ಜಿನಾಲಯಕ್ಕೆ ಬದಣೆಗುಪ್ಪೆ ಗ್ರಾಮವನ್ನು ದತ್ತಿಬಿಟ್ಟುದನ್ನು ಹೇಳುವ, ಮಡಿಕೇರಿಯಲ್ಲಿ ದೊರೆತ ಮರ್ಕರಾ ತಾಮ್ರಪಟವು ಪ್ರಸಿದ್ಧವಾದುದು. ಅದರಲ್ಲಿರುವ ೩೮೮ ಎಂಬ ಸಂಖ್ಯೆಯನ್ನು ಶಕವರ್ಷವೆಂದು ಗ್ರಹಿಸಿದರೆ ಅದು ಕ್ರಿ.ಶ. ೪೬೬ ಆಗುತ್ತದೆ. ಆದರೆ ಲಿಪಿಯ ಸ್ವರೂಪವು ಅದಕ್ಕಿಂತ ಬಹುಕಾಲಾನಂತರದ್ದೆಂದು ಫ್ಲೀಟರ ಆಕ್ಷೇಪ. ಒಂದು ಕೂಟಶಾಸನವು ಏನನ್ನು ಸಾಧಿಸಬಲ್ಲುದೆಂಬುದನ್ನು ಯೋಚಿಸಬೇಕು. ಇಲ್ಲದ ದತ್ತಿಯೊಂದರ ಕಥೆಯನ್ನು ತಾಮ್ರದ ಮೇಲೆ ಕೊರೆದರೆ, ಊರಿನ ಕಂದಾಯ ಇಂದಿನಿಂದ ಬೇರೊಬ್ಬರ ಕೈಗೆ ಹೋಗುತ್ತದೆ. ಉಳುವವನು ಬೇರೊಬ್ಬರಿಗೆ ತೆರಬೇಕಾಗುತ್ತದೆ. ಲಗಾಡೋವಿನ ೫೦೦ ಯಂತ್ರಗಳಿಂದ ಆಗದುದನ್ನು ಒಂದು ಉಳಿ ಮಾಡಬಲ್ಲುದು. ಅದಕ್ಕೆ ಬೇಕಾದುದು ಆ ಬರಹವನ್ನು ಪ್ರಶ್ನಿಸದೆ ಒಪ್ಪಿಕೊಳ್ಳುವ ಅಧಿಕಾರ ಒಂದೇ.

ಮೇಲಿನ ವಿವೇಚನೆಯಿಂದ ಮೂರು ಅಂಶಗಳು ಫಲಿಸುತ್ತವೆ. ಮೊದಲನೆಯದಾಗಿ, ಕಥೆಯು ವಾಸ್ತವವನ್ನು ಬದಲಿಸುವ ಶಕ್ತಿಯು ಅದನ್ನು ಕಟ್ಟುವ ಸಾಧನದಲ್ಲಿಲ್ಲ. ಅದನ್ನು ಪ್ರಮಾಣವೆಂದು ಸಾರುವ ಅಧಿಕಾರದಲ್ಲಿಯೂ ಅದನ್ನು ಹಾಗೆಯೇ ನಂಬುವ ಓದುಗನಲ್ಲಿಯೂ ಇದೆ. ಎರಡನೆಯದಾಗಿ, ಅಟರ್ಬರಿಯ ಪ್ರಕರಣದಲ್ಲಿ ಕಂಡಂತೆ, ತೀರ್ಮಾನವು ಸತ್ಯವಾಗಿದ್ದರೂ ವಿಧಾನವು ಬಯಲಿನಲ್ಲಿರಬೇಕು. ಮೂರನೆಯದಾಗಿ, ತಿದ್ದುವ ಕೈಗೆ ಎಟುಕದ ಒಂದು ಪ್ರತಿ ಎಲ್ಲಿಯಾದರೂ ಉಳಿದಿರುವುದೇ ಸತ್ಯಕ್ಕೆ ರಕ್ಷೆ.

ಇದರಲ್ಲಿ ಅಧ್ಯಾಪಕರಾದ ನಮ್ಮ ಹೊಣೆಯೂ ಸೇರಿದೆ. ಇಂದು ನಮ್ಮ ವಿದ್ಯಾರ್ಥಿಗಳು ಬೇಕಾದ ವಿಷಯದ ಮೇಲೆ ಬೇಕಾದಷ್ಟು ಪುಟಗಳನ್ನು ಯಂತ್ರದಿಂದ ಬರೆಯಿಸಿಕೊಳ್ಳಬಲ್ಲರು. ಆ ಪುಟಗಳ ಭಾಷೆಯಲ್ಲಿ ತಪ್ಪು ಕಾಣದಿರಬಹುದು. ವಾಕ್ಯವು ನಯವಾಗಿದೆಯೆಂಬುದು ಸಂಗತಿಯು ನಿಜವೆಂಬುದಕ್ಕೆ ಆಧಾರವಲ್ಲ. ಈ ಮಾತಿಗೆ ಮೂಲವೆಲ್ಲಿ, ಆ ಮೂಲವನ್ನು ಕಂಡವರಾರು, ಅದರ ಇನ್ನೊಂದು ಪ್ರತಿ ಏನು ಹೇಳುತ್ತದೆ ಎಂಬ ಮೂರು ಪ್ರಶ್ನೆಗಳನ್ನು ಕೇಳುವ ಅಭ್ಯಾಸವನ್ನು ತರಗತಿಯಲ್ಲಿ ಬೆಳೆಸಿದರೆ ಅಷ್ಟರಮಟ್ಟಿಗೆ ನಮ್ಮ ಕೆಲಸ ಸಾರ್ಥಕವಾದಂತೆ. ಲಗಾಡೋವಿನ ೪೦ ಮಂದಿ ಶಿಷ್ಯರು ಹಿಡಿಗಳನ್ನು ತಿರುಗಿಸಿದರು, ಓದಿದರು, ಬರೆದುಕೊಂಡರು. ಅವರಲ್ಲಿ ಒಬ್ಬನಾದರೂ ಪ್ರಶ್ನೆ ಕೇಳಿದನೆಂದು ಸ್ವಿಫ್ಟನು ಹೇಳಿಲ್ಲ.